ಐದನೆಯ ಸಲ ಬಾರಿಸದ ಗಂಟೆ

ಠಣ್ ಠಣ್ ಠಣ್ ಎಂದು ರೈಲ್ವೆ ಗೇಟಿನ ಗಂಟೆ ಹೊಡೆದುಕೊಳ್ಳತೊಡಗಿತು. ಜಪಾನಿನ ಅಮಗಸಾಕಿ ಊರಿನ ಆ ಓಣಿಯಲ್ಲಿ ಅದು ದಿನಕ್ಕೆ ಇನ್ನೂರು ಸಲವಾದರೂ ಹೊಡೆದುಕೊಳ್ಳುತ್ತದೆ. ಅಲ್ಲಿ ಬಾಳಿದವರಿಗೆ ಅದು ಕೇಳಿಸುವುದೇ ಇಲ್ಲ. ಕೇಳಿಸಿದ್ದು ಟೋಕಿಯೊದಿಂದ ಬಂದ ಟೀವಿಯವರಿಗೆ. ಮಿನೆಗಿಷಿ ಎಂಬ ನಿರ್ದೇಶಕ ಕೈ ಎತ್ತಿ ಕ್ಯಾಮೆರಾ ನಿಲ್ಲಿಸಿದ.

"ಅಮ್ಮಾ, ರೈಲು ಹೋಗ್ಬಿಡ್ಲಿ. ಆಮೇಲೆ ಮೊದಲಿಂದ ಮಾಡೋಣ. ಗಂಟೆ ಬಾರಿಸೋದರಿಂದ."

ತೀರಿಹೋದ ಗಂಡ ಟೊಕುಜಿಯ ಫೋಟೋ, ಬಟ್ಟಲಗಂಟೆ ಇಟ್ಟ ಪೂಜೆಯ ಗೂಡಿನ ಮುಂದೆ ಮಂಡಿಯೂರಿ ಕೂತಿದ್ದ ಫುಸಾಯೆ ತಿರುಗಿ ಅವನ ತಲೆ ನೋಡಿದಳು. ಕೂದಲಿಗೆ ಕಂದು ಬಣ್ಣ ಹಚ್ಚಿಸಿಕೊಂಡಿದ್ದ. ಬುಡದಲ್ಲಿ ಕಪ್ಪು ಇಣುಕುತ್ತಿತ್ತು. ಮೂವತ್ತೆಂಟು ವರ್ಷ ಕ್ಷೌರದಂಗಡಿ ನಡೆಸಿದವಳಿಗೆ ಅವನ ಕತ್ತಿನ ಹಿಂಭಾಗವೇ ಸಾಕಿತ್ತು. ಬಾಗಿಲಲ್ಲಿ ಚಪ್ಪಲಿ ಬಿಟ್ಟಾಗಿನಿಂದ ಅಮ್ಮಾ ಅಮ್ಮಾ ಎನ್ನುತ್ತಿದ್ದಾನೆ. ಇವನನ್ನು ನಾನು ಹೆತ್ತಿದ್ದರೆ ಮೊದಲು ಈ ತಲೆ ಬೋಳಿಸುತ್ತಿದ್ದೆ ಎಂದುಕೊಂಡಳು.

ಇವರು ಬಂದದ್ದು ಅವಳ ಮಗ ನೊರಿಯ ಸಲುವಾಗಿ. ಗುದ್ದು, ಒದೆತ, ಪಟ್ಟು, ಕತ್ತು ಹಿಸುಕುವುದು, ಎಲ್ಲವೂ ನಡೆಯುವ ಕಾಳಗ ಅವನ ಕಸುಬು. ವರ್ಷದ ಕೊನೆಯ ಸಂಜೆ ಇಡೀ ದೇಶ ಸೋಬಾ ಶಾವಿಗೆ ಉಣ್ಣುತ್ತ ಆ ಕಾಳಗಗಳನ್ನು ಟೀವಿಯಲ್ಲಿ ನೋಡುತ್ತದೆ. ಕಾಳಗಗಳನ್ನು ಎಂದರೆ ತಪ್ಪಾದೀತು. ಟೀವಿಯವರು ತೋರಿಸುವುದು ಅದಕ್ಕೆ ಮೊದಲಿನ ಮೂರು ನಿಮಿಷದ ಕಥೆಯನ್ನು: ಯಾರ ತಂಗಿ ಹಾಸಿಗೆ ಹಿಡಿದಿದ್ದಾಳೆ, ಯಾರ ಅಪ್ಪ ಓಡಿಹೋದ, ಯಾರು ಅನಾಥಾಲಯದಲ್ಲಿ ತಣ್ಣಗಿನ ಅನ್ನ ತಿಂದರು. ಕಥೆ ಇದ್ದವನು ಸೋತರೂ ಪೂರ್ತಿ ಕಾಣುತ್ತಾನೆ.

ಹೋದ ವರ್ಷ ಅಂಗಡಿಬೀದಿಯ ಜನರೆಲ್ಲ ಫುಸಾಯೆಯ ಅಂಗಡಿಯಲ್ಲಿ ಸೇರಿದ್ದರು. ನೊರಿ ಆ ದಿನ ಗೆದ್ದಿದ್ದ. ಟೀವಿ ಅವನನ್ನು ತೋರಿಸಿದ್ದು ಹನ್ನೊಂದು ಸೆಕೆಂಡು, ಅದೂ ಬೆನ್ನ ಕಡೆಯಿಂದ. ಅವನ ಬೆನ್ನಿಗೇ ಇನ್ನಾವನದೋ ಅಜ್ಜಿ ಬಂದು ಮೂರು ನಿಮಿಷ ಅತ್ತಳು. ಉಪ್ಪಿನಕಾಯಿ ಅಂಗಡಿಯ ಇಸೋಎ ಕ್ಷೌರದ ಕುರ್ಚಿಯಲ್ಲಿ ಒರಗಿಕೊಂಡೇ ಕೇಳಿದ್ದಳು: "ಸೋಬಾ ಬಾಯಿಗಿಡೋಷ್ಟರಲ್ಲಿ ಮುಗೀತಲ್ಲೇ. ಅದು ನಿನ್ನ ಮಗನೇನಾ, ಇಲ್ಲಾ ದಾರೀಲಿ ಹೋಗೋರ ಬೆನ್ನಾ?"

"ಕತ್ತು ನೋಡು," ಎಂದಿದ್ದಳು ಫುಸಾಯೆ. "ಆ ಕೂದಲು ನಾನು ಕತ್ತರಿಸಿದ್ದು." ಸೋಬಾ ಆರಿತ್ತು.

ಈ ಸಲ ನೊರಿ ಫೋನು ಮಾಡಿ, ಟೀವಿಯವರು ಹೇಳಿದ ಹಾಗೆ ಕೇಳಮ್ಮ ಎಂದಿದ್ದ. ಮಂಡಿ ಹೋಗಿದೆಯಂತೆ, ಇದೇ ಕೊನೆಯ ಕಾಳಗವಂತೆ. ಒಂದು ಸಲವಾದರೂ ಓಣಿಯವರು ತನ್ನ ಮುಖ ನೋಡಲಿ ಎಂದಿದ್ದ. ಅದಕ್ಕೇ ಫುಸಾಯೆ ರಜೆಯ ಸೋಮವಾರ ಇವರನ್ನು ಒಳಗೆ ಬಿಟ್ಟುಕೊಂಡಳು. ರಜೆಯಾದರೂ ಕ್ಷೌರದಂಗಡಿ ತೆರೆದಿದೆ ಎಂದು ತಿಳಿಸುವ ಕೆಂಪು ನೀಲಿ ಪಟ್ಟೆಯ ದೀಪದ ಕಂಬವನ್ನು ತಿರುಗಲು ಬಿಟ್ಟರು. ಕತ್ತಿ ಮಸೆಯುವಾಗ ಮುಖ ಸ್ವಲ್ಪ ಬಾಡಿರಲಿ ಎಂದರು. ಅವಳಿಗೆ ಕತ್ತಿ ಮಸೆಯುವಾಗ ಎಂದೂ ಮುಖ ಬಾಡಿದ್ದಿಲ್ಲ.

ಗೂಡಿನ ಮುಂದಿನ ಬಟ್ಟಲಗಂಟೆಯನ್ನು ಅವಳು ಆಗಲೇ ಎರಡು ಸಲ ಬಾರಿಸಿದ್ದಳು. ಮೊದಲ ಸಲ ಅವಳಿಗೆ ಅಳು ಬರಲಿಲ್ಲ, ಎರಡನೆಯ ಸಲ ರೈಲು ಬಂತು. ಮೂರನೆಯ ಸಲ ಬಾರಿಸಿದಾಗ, ಫೋಟೋದ ಮುಂದಿನ ಕಿತ್ತಳೆ ಹಣ್ಣು ಮಿಂಚುತ್ತದೆ ಎಂದು ಟೀವಿಯವರಲ್ಲೊಬ್ಬ ಅದನ್ನು ತೆಗೆದು ಸಾಕೆ ಎಂಬ ಅಕ್ಕಿ ಹೆಂಡದ ಬಟ್ಟಲು ಇಟ್ಟ.

ಆ ಗಂಟೆ ಬಾರಿಸುವುದು ಸತ್ತವರನ್ನು ಕರೆಯುವುದಕ್ಕೆ. ಟೊಕುಜಿ ಕರೆದರೆ ಬರುವ ಮನುಷ್ಯ. ಬದುಕಿದ್ದಾಗಲೂ ಕೈಯಲ್ಲಿ ಸೋಪಿನ ನೊರೆ ಇಟ್ಟುಕೊಂಡೇ ಓಡಿ ಬರುತ್ತಿದ್ದ. ಮೂರು ಸಲ ಬಂದು, ಏನು ಬೇಕಿತ್ತು ಎಂದು ಕೇಳಿ, ಯಾರೂ ಏನೂ ಹೇಳದ್ದರಿಂದ ಹೊರಟುಹೋಗಿದ್ದಾನೆ. ಈಗ ಅವನೆದುರು ಸಾಕೆ. ಒಂದು ಗುಟುಕಿಗೇ ಕಿವಿಯವರೆಗೆ ಕೆಂಪಾಗಿ ಮಲಗಿಬಿಡುತ್ತಿದ್ದವನು ಅವನು.

"ಇದ್ಯಾಕೆ ಇಲ್ಲಿ?" ಎಂದಳು.

ಮಿನೆಗಿಷಿ ಕಾಗದ ನೋಡಿ ಮೆಲ್ಲಗೆ ಓದಿದ. ಅಪ್ಪ ಕುಡಿದು ಬಂದು ಅಮ್ಮನನ್ನು ಹೊಡೆಯುತ್ತಿದ್ದ. ಅಮ್ಮನನ್ನು ಕಾಪಾಡಲು ಆ ಮಗು ಮುಷ್ಟಿ ಬಿಗಿಯಿತು. ಓದಿ ಫೋಟೋದತ್ತ ಬೆರಳು ತೋರಿಸಿದ: "ಗಲ್ಲದ ಮೇಲೆ ಗಾಯದ ಗುರುತಿದೆಯಲ್ಲ, ಅದು ಬೀದಿ ಜಗಳದ್ದಾ? ಹತ್ತಿರದಿಂದ ತೋರಿಸ್ತೀವಿ."

"ಯಾರು ಹೇಳಿದ್ದು ಈ ಕಥೆ?"

"ನಿಮ್ಮ ಮಗನೇ ಹೇಳಿದ್ದು, ಅಮ್ಮಾ."

ಫುಸಾಯೆ ಸಾಕೆಯ ಬಟ್ಟಲನ್ನು ನೋಡಿದಳು. ಎದುರಾಳಿಯ ಕತ್ತು ಹಿಸುಕಬಲ್ಲ ಗಂಡಸು ಅಪ್ಪನ ಬೂದಿಯ ಮೇಲೆ ಹತ್ತಿ ನಿಂತು ಟೀವಿಗೆ ಮುಖ ತೋರಿಸಲು ಹೊರಟಿದ್ದಾನೆ. ಮಂಡಿ ಹೋಗಿದೆಯಂತೆ. ಇಲ್ಲವೆಂದರೆ ಮತ್ತೆ ಹನ್ನೊಂದು ಸೆಕೆಂಡಿನ ಬೆನ್ನು. ಹೂಂ ಎಂದರೆ, ಆ ಸಂಜೆ ಓಣಿಯ ಜನರೆಲ್ಲ ಟೊಕುಜಿಯ ಕುರ್ಚಿಯಲ್ಲೇ ಕೂತು ಟೊಕುಜಿಯನ್ನು ಬೈಯುತ್ತಾರೆ.

ಅವಳು ಬಟ್ಟಲು ಎತ್ತಿ ಪಕ್ಕಕ್ಕಿಟ್ಟು, ಕಿತ್ತಳೆಯನ್ನು ಮತ್ತೆ ಅದರ ಜಾಗಕ್ಕೆ ಇಟ್ಟಳು. "ಶುರು ಮಾಡಿ," ಎಂದು ನಾಲ್ಕನೆಯ ಸಲ ಗಂಟೆ ಬಾರಿಸಿದಳು.

"ಈ ಮನೇಲಿ ಕೈ ಎತ್ತಿದೋಳು ನಾನು," ಎಂದಳು ಕ್ಯಾಮೆರಾಕ್ಕೆ. "ಅವರ ಗಲ್ಲದ ಮೇಲಿರೋ ಗುರುತು ನಾನು ಕತ್ತಿಯಿಂದ ಮಾಡಿದ್ದು. ರಕ್ತ ಸುರೀತಿದ್ರೂ ಅವರು ನನ್ನ ಬೈಲಿಲ್ಲ. ಅವರೇ ನನ್ನ ಹತ್ರ ಕ್ಷಮೆ ಕೇಳಿದ್ರು. ಒದ್ದೆ ಟವಲಲ್ಲಿ ಹೊಡೆದಿದ್ದನ್ನಂತೂ ನೊರಿ ಕಣ್ಣಾರೆ ನೋಡಿದ್ದಾನೆ."

ಅದರಲ್ಲಿ ಒಂದೂ ಸುಳ್ಳಲ್ಲ. ಮದುವೆಯಾಗಿ ಬಂದ ವರ್ಷ ಅವಳಿಗೆ ಕತ್ತಿ ಹಿಡಿಯಲು ಕಲಿಸಿದ್ದು ಟೊಕುಜಿ. ಕಲಿಯಲಿ ಎಂದು ದಿನವೂ ತನ್ನ ಮುಖವನ್ನೇ ಕೊಡುತ್ತಿದ್ದ. ಕತ್ತಿ ಜಾರಿದ ದಿನ, ತಾನು ಅಲುಗಾಡಿದ್ದೇ ತಪ್ಪು ಎಂದು ಅವನೇ ತಲೆ ಬಾಗಿಸಿದ್ದ. ಟವಲಿನ ಏಟು ಬಿದ್ದದ್ದು ಅವನು ತಲೆ ತೊಳೆಯುವ ತೊಟ್ಟಿಯಲ್ಲಿ ಮಗನ ಬಂಗಾರದ ಮೀನು ಬಿಟ್ಟಿದ್ದಕ್ಕೆ. ಅಪ್ಪ ಮಗ ಇಬ್ಬರೂ ನಕ್ಕಿದ್ದರು. ಇದನ್ನೆಲ್ಲ ಅವಳು ಹೇಳಲಿಲ್ಲ. ಅವರೂ ಕೇಳಲಿಲ್ಲ.

ಮಿನೆಗಿಷಿಯ ಕಣ್ಣು ಅರಳಿತ್ತು. ಹೊಡೆಯುವ ಅಪ್ಪನಿಗಿಂತ ಹೊಡೆಯುವ ಅಮ್ಮನೇ ಮೇಲು, ಇಂಥದ್ದು ಯಾವ ಚಾನೆಲ್ಲಿನಲ್ಲೂ ಬಂದಿಲ್ಲ ಎಂದು ಪಕ್ಕದವನಿಗೆ ಪಿಸುಗುಟ್ಟಿದ. ನೊರಿಯ ಕಾಳಗ ಪೂರ್ತಿ ಹಾಕುತ್ತೀರಾ ಎಂದು ಫುಸಾಯೆ ಕೇಳಿದಳು. ಶುರುವಿಂದ ಕೊನೆಯ ಗಂಟೆಯವರೆಗೂ ಎಂದ. ಕಾಗದದಲ್ಲಿ ಅಪ್ಪನ ಸಾಲುಗಳನ್ನು ಅವಳ ಕಣ್ಣೆದುರೇ ಹೊಡೆದುಹಾಕಿದ. ಆಮೇಲೆ ಬೇಡುವವನಂತೆ ಎರಡು ಕೈ ಜೋಡಿಸಿದ.

"ಇನ್ನೊಂದೇ ಸಲ, ಅಮ್ಮಾ. ಗಂಟೆ ಬಾರಿಸೋದರಿಂದ. ಕೊನೇಲಿ ಸ್ವಲ್ಪ ಅತ್ತರೆ..."

ಫುಸಾಯೆ ಮಂಡಿಗೆ ಕೈಯೂರಿ ಎದ್ದಳು. ಗಂಟೆಯ ಕೋಲನ್ನು ತನ್ನ ಜೇಬಿಗೆ ಹಾಕಿಕೊಂಡಳು.

"ನಾಲ್ಕು ಸಲ ಬಂದು ಹೋದ್ರು ಅವರು, ಸಾಕು. ಅಳೋರು ಬೇಕಿದ್ರೆ ನಿಮ್ಮಮ್ಮನ್ನ ಕರೆಸಿ," ಎಂದು ಅವನ ಬುಡ ಕಪ್ಪಾದ ತಲೆಯನ್ನು ದಾಟಿ ಬಾಗಿಲ ಕಡೆ ನಡೆದಳು. "ನಾನು ಆ ಕಂಬ ಆರಿಸ್ಬೇಕು. ಸೋಮವಾರಾನೂ ತೆರೆದಿದೆ ಅಂದ್ಕೊಂಡು ಸುಮ್ಮನೆ ಜನ ಬಂದ್ಬಿಡ್ತಾರೆ."