ಗಿಳಿಹಸಿರು ಶಾಲು ಹೊದ್ದು ವೋಟಿಗೆ

ಅಮೆರಿಕದ ಯೂಲೆಸ್‌ನ ಒಂದು ಡೇಕೇರ್‌ನಲ್ಲಿ ಎರಡು ವರ್ಷದ ಮಕ್ಕಳ ಕೋಣೆಯ ಕೆಲಸ ನನ್ನದೂ ನನ್ನ ಗೆಳತಿಯದೂ. ನಾನು ಮೈಸೂರಿನವಳು, ಅವಳು ಜಮೈಕಾದವಳು. ಅವಳ ತಾಯಿ ಕಿಂಗ್‌ಸ್ಟನ್ ನಗರದ ನಡುಮಧ್ಯದ ಹಳೆಯ ಓಣಿಯೊಂದರಲ್ಲಿ ಒಬ್ಬರೇ ಇದ್ದರು. ಆ ಪಾರ್ಲಿಮೆಂಟ್ ಕ್ಷೇತ್ರದಲ್ಲಿ ಇವಳಿಗೆ ಬುದ್ಧಿ ಬಂದಾಗಿನಿಂದ ಗೆದ್ದದ್ದು ಕಿತ್ತಳೆ ಬಣ್ಣದ ಪಕ್ಷವೊಂದೇ. ದೊಡ್ಡ ಚರಂಡಿಯ ಆಚೆಗೆ ಹಸಿರು ಪಕ್ಷದವರು. ಚುನಾವಣೆ ಹತ್ತಿರ ಬಂದರೆ ಯಾರೂ ಆ ಚರಂಡಿ ದಾಟುವುದಿಲ್ಲ ಎಂದು ಅವಳು ಒಮ್ಮೆ ಹೇಳಿದ್ದಳು. ನಾನು ಅರ್ಧ ಕೇಳಿಸಿಕೊಂಡಿದ್ದೆ.

ಆ ಬೇಸಿಗೆಯಲ್ಲಿ ಅವಳು ಊರಿಗೆ ಹೊರಟಾಗ ತಾಯಿಗೆಂದು ಒಂದು ರೇಷ್ಮೆ ಶಾಲನ್ನು ಚೆನ್ನಾಗಿ ಪ್ಯಾಕ್ ಮಾಡಿ ಕೊಟ್ಟೆ. ಗಿಳಿಹಸಿರು ಬಣ್ಣದ್ದು. ತಾಯಿ ಅದನ್ನು ಬಿಚ್ಚಿ ನೋಡಿದ್ದು ಮಗಳು ಹಿಂತಿರುಗಿದ ಮೇಲೆ.

ಜಮೈಕಾದಲ್ಲಿ ಮತದಾನದ ದಿನ, ಮಧ್ಯಾಹ್ನ ಇಲ್ಲಿ ಮಕ್ಕಳು ಮಲಗಿದ್ದಾಗ ಅವಳ ಫೋನ್ ನಡುಗಿತು. ವಿಡಿಯೋದಲ್ಲಿ ತಾಯಿ, ಹೊರಡಲು ಸಿದ್ಧರಾಗಿ, ಹೆಗಲ ಮೇಲೆ ಆ ಶಾಲು.

"ಅಮ್ಮಾ, ಅದನ್ನ ತೆಗಿ," ಎಂದಳು ಪಿಸುದನಿಯಲ್ಲಿ.

"ಯಾಕೆ? ಇಷ್ಟು ವರ್ಷ ಈ ಓಣೀಲಿದ್ದೀನಿ. ನನ್ನನ್ನ ಯಾರು ಕೇಳ್ತಾರೆ?"

ಲೈನ್ ಕಟ್ ಆಯಿತು. ಮತ್ತೆ ಮತ್ತೆ ಮಾಡಿದಳು, ಎತ್ತಲಿಲ್ಲ. ಸುತ್ತ ಮಕ್ಕಳು ನಿದ್ದೆಯಲ್ಲಿದ್ದುದರಿಂದ ಜೋರಾಗಿ ಉಸಿರು ಬಿಡುವಂತೆಯೂ ಇರಲಿಲ್ಲ. ಅವಳು ನನ್ನ ಕಡೆ ತಿರುಗಿದಳು. "ನಿನಗೆ ಬೇರೆ ಬಣ್ಣ ಸಿಗಲಿಲ್ವಾ?"

ಅವಳು ಚಿಕ್ಕವಳಿದ್ದಾಗ ತಪ್ಪು ಬಣ್ಣದ ಅಂಗಿ ತೊಟ್ಟು ಬ್ರೆಡ್ ತರಲು ಹೋದ ಸೋದರಮಾವ ಒಂದು ಕಣ್ಣು ಕಳೆದುಕೊಂಡು ಬಂದಿದ್ದರಂತೆ. ಅದನ್ನು ಅವಳು ನನಗೆ ಮೊದಲ ಸಲ ಹೇಳಿದ್ದು ಆಗ.

ನಾನು ಬಾತ್‌ರೂಮಿಗೆ ಹೋಗಿ ಗಂಡನಿಗೆ ಫೋನ್ ಮಾಡಿದೆ. "ಆ ಶಾಲು ನಾನೇ ಕೊಟ್ಟಿದ್ದು ಕಣ್ರೀ."

"ಎಲೆಕ್ಷನ್ ಅಂದ್ಮೇಲೆ ಸ್ವಲ್ಪ ಗಲಾಟೆ ಇದ್ದಿದ್ದೇ ಬಿಡೇ. ಮೀಟಿಂಗಲ್ಲಿದ್ದೀನಿ, ಆಮೇಲೆ ಮಾಡ್ಲಾ?"

ಮಕ್ಕಳು ಎದ್ದರು. ಅವಳು ಡೈಪರ್ ತಿರುಗಾಮುರುಗಾ ಹಾಕಿದಳು. ನಾನು ಸರಿಮಾಡಿದೆ. ಮೂರೂವರೆಗೆ ಫೋನ್ ಬಂತು. ತಾಯಿ ಮೊದಲು ಶಾಯಿ ಹತ್ತಿದ ಬೆರಳು ತೋರಿಸಿದರು. ಹೆಗಲು ಬರಿದಾಗಿತ್ತು.

ಮೂಲೆಯಲ್ಲಿ ನಾಲ್ಕು ಜನ ಗಂಡಸರು ಅಡ್ಡ ನಿಂತು ಶಾಲು ಎಳೆದರಂತೆ. ತಾಯಿ ಬಿಡದೆ ಹಿಡಿದುಕೊಂಡು ಮುಗ್ಗರಿಸಿದರಂತೆ. ಪಕ್ಕದ ಮನೆಯ ಹೆಂಗಸು, ಕಿತ್ತಳೆ ಪಕ್ಷದ ಕಾರ್ಯಕರ್ತೆ, ಓಡಿಬಂದು ಅವರನ್ನೆಲ್ಲ ಬೈದು, ಇವರ ಕೈಹಿಡಿದು ಮತಗಟ್ಟೆಯವರೆಗೂ ನಡೆಸಿಕೊಂಡು ಹೋದಳಂತೆ.

"ಯಾರಮ್ಮಾ ಅವರು?"

"ಹೆಸರು ಕೇಳಬೇಡ. ಎಲ್ಲರೂ ನನ್ನ ಕೈಯಡುಗೆ ಉಂಡವರೇ. ನಾಳೆ ಅವರ ಮುಂದೇನೇ ನಾನು ಓಡಾಡಬೇಕು."

ನಾನು ಕ್ಯಾಮೆರಾಕ್ಕೆ ಕಾಣದಂತೆ ಪಕ್ಕಕ್ಕೆ ಸರಿದೆ.

ಅವಳಿಗೆ ಊರಿಗೆ ಮರುದಿನಕ್ಕೇ ಟಿಕೆಟ್ ಸಿಕ್ಕಿತು. ಏರ್‌ಪೋರ್ಟಿಗೆ ನಾನೇ ಡ್ರೈವ್ ಮಾಡಿದೆ. ಇಳಿಯುವಾಗ, "ನಿನ್ನ ಮೇಲೆ ಕೋಪ ಇಲ್ಲ," ಎಂದಳು. ಅದು ಪೂರ್ತಿ ನಿಜವಲ್ಲವೆಂದು ಇಬ್ಬರಿಗೂ ಗೊತ್ತಿತ್ತು.

ತಾಯಿಯನ್ನು ಕರೆತರಲೆಂದೇ ಅವಳು ಹೋದದ್ದು. ಅವರು ಓಣಿ ಬಿಡಲು ಒಪ್ಪಲಿಲ್ಲ. ಎರಡು ವಾರದ ಮೇಲೆ ಒಬ್ಬಳೇ ಹಿಂತಿರುಗಿದಳು.