ಗಿರಿಜಕ್ಕನ ಮೂರು ಡಿಸ್ಕುಗಳು

ಇಂದು ಬೆಳಿಗ್ಗೆ ಆಲೂರು ದಾಟಿ ಬಾಳ್ಳುಪೇಟೆಯ ಕಡೆಗೆ ಬರುವಾಗ ಬಸ್ಸಿನ ಕಿಟಕಿಯಿಂದ ಒಂದು ಗದ್ದೆ ಕಂಡಿತು. ತೆನೆ ಬಾಗಿದ ಭತ್ತದ ಮೇಲೆ ದಾರ ಎಳೆದು, ಹಳೆಯ ಸಿ.ಡಿ.ಗಳನ್ನು ಸಾಲಾಗಿ ತೂಗುಬಿಟ್ಟಿದ್ದರು. ಗಾಳಿಗೆ ಅವು ತಿರುಗಿದಾಗಲೆಲ್ಲ ಬಿಸಿಲು ಚೂರುಚೂರಾಗಿ ಚಿಮ್ಮುತ್ತಿತ್ತು. ಹಕ್ಕಿಗಳನ್ನು ಓಡಿಸಲು ರೈತರು ಕಂಡುಕೊಂಡ ಉಪಾಯ ಅದು. ಒಂದು ಕಾಲದಲ್ಲಿ ಮನುಷ್ಯರನ್ನು ಬೆಚ್ಚಿಬೀಳಿಸಿದ ಸಿನಿಮಾಗಳು ಈಗ ಗುಬ್ಬಿಗಳನ್ನು ಬೆಚ್ಚಿಸುತ್ತಿವೆ. ಮಣ್ಣಿಗೆ ಬೀಳುವ ಪ್ಲಾಸ್ಟಿಕ್ಕಿನ ಬಗ್ಗೆ ಪಕ್ಕದ ಸೀಟಿನ ಹೆಂಗಸಿಗೆ ನಾಲ್ಕು ಮಾತು ತಿಳಿಹೇಳಬೇಕೆಂದು ನಾನು ಬಾಯಿ ತೆರೆದೆ. ಅಷ್ಟರಲ್ಲಿ ಗಿರಿಜಕ್ಕನ ನೆನಪಾಯಿತು, ಬಾಯಿ ಮುಚ್ಚಿದೆ. ನಾನು ಹೊರಟಿದ್ದುದು ಅವಳ ಮನೆಗೇ.

ಬಾಯಿ ಮುಚ್ಚುವುದು ನನಗೆ ಸುಲಭವಲ್ಲ ಎಂಬುದನ್ನು ಮೊದಲೇ ಹೇಳಿಬಿಡುತ್ತೇನೆ. ನಾನು ಓದಿದ ಶಾಲೆಯಲ್ಲಿ ಪ್ರಾರ್ಥನೆ ಇರಲಿಲ್ಲ. ಅದರ ಬದಲು ಪ್ರತಿದಿನ ಬೆಳಿಗ್ಗೆ ಪತ್ರಿಕೆಯಿಂದ ಒಂದು ಅನ್ಯಾಯವನ್ನು ಹೆಕ್ಕಿ, ಅದಕ್ಕೆ ಹೊಣೆ ಯಾರು ಎಂದು ಚರ್ಚಿಸುತ್ತಿದ್ದೆವು. ಹೊಣೆಗಾರರು ಸಿಗದೆ ಗಂಟೆ ಬಾರಿಸಿದ ದಿನ ಒಂದೂ ಇರಲಿಲ್ಲ. ಆ ಅಭ್ಯಾಸ ನನ್ನನ್ನು ಬಿಡಲಿಲ್ಲ. ಎಸ್ಟೇಟಿನ ಕೂಲಿಮನೆಗಳ ಲೈನುಗಳಲ್ಲಿ ಹೆಂಗಸರಿಗೆ ಶೌಚಾಲಯವಿಲ್ಲದ್ದು, ಅದೇ ಕೆಲಸಕ್ಕೆ ಗಂಡಾಳಿಗೊಂದು ಕೂಲಿ ಹೆಣ್ಣಾಳಿಗೊಂದು ಕೂಲಿ ಕೊಡುವುದು, ಆನೆಯ ದಾರಿಗೆ ಅಡ್ಡಲಾಗಿ ಹೋಂಸ್ಟೇ ಕಟ್ಟುವುದು, ದೋಣಿಗಲ್ಲಿನ ಬಳಿ ರಸ್ತೆಗಾಗಿ ಗುಡ್ಡವನ್ನು ನೆಟ್ಟಗೆ ಕೊಯ್ದು ಮಳೆಗಾಲದಲ್ಲಿ ಮಣ್ಣು ಕುಸಿದಾಗ ಮಳೆಯನ್ನು ದೂರುವುದು: ಇವೆಲ್ಲದರ ಬಗ್ಗೆಯೂ ನಾನು ಮನವಿ ಬರೆದಿದ್ದೇನೆ, ಧರಣಿ ಕೂತಿದ್ದೇನೆ. ಮದುವೆಮನೆಗಳಲ್ಲಿ ನನ್ನ ಪಕ್ಕದ ಎಲೆ ಬಹುಮಟ್ಟಿಗೆ ಖಾಲಿಯಾಗಿಯೇ ಇರುತ್ತದೆ.

ಗಿರಿಜಕ್ಕ ಮಾತ್ರ ಆ ಎಲೆಗೆ ಬಂದು ಕೂರುತ್ತಿದ್ದಳು. ಚಿಕ್ಕಂದಿನಲ್ಲಿ ಬಾಳ್ಳುಪೇಟೆಯಲ್ಲಿ ನಮ್ಮದು ಅಕ್ಕಪಕ್ಕದ ಮನೆ. ಅವಳು ನನಗಿಂತ ಕೆಲವು ವರ್ಷ ದೊಡ್ಡವಳು. ಅವಳ ತಂದೆಗೆ ದಿನಸಿ ಅಂಗಡಿ. ಹಣೆಯ ಮೇಲೆ ಮೂರು ಬೆರಳಿನ ವಿಭೂತಿ ಬಳಿದುಕೊಂಡು ಗಲ್ಲಾಪೆಟ್ಟಿಗೆಯ ಮುಂದೆ ಕೂತಿರುತ್ತಿದ್ದ ಆ ಹಿರಿಯರು ವ್ಯಾಪಾರ ಮಂದವಿದ್ದಾಗ ಮಗಳ ಕಣ್ಣಿಗೆ ಟವೆಲ್ಲು ಕಟ್ಟಿ, ಚೀಲಗಳ ನಡುವೆ ನಡೆಸುತ್ತಿದ್ದರು. ಇದು ಹೊಸ ಬೆಲ್ಲ, ಇದು ಹೋದ ವರ್ಷದ ಧನಿಯ, ಈ ಮೆಣಸಿಗೆ ಗೋದಾಮಿನಲ್ಲಿ ನೀರು ಬಿದ್ದಿದೆ ಎಂದು ಅವಳು ಮೂಗಿನಿಂದಲೇ ಹೇಳುವಳು. ಮುಂದೆ ಸಕಲೇಶಪುರದ ಬಳಿಯ ಒಂದು ಕಾಫಿ ಸಂಸ್ಕರಣಾ ಘಟಕದಲ್ಲಿ ಗುಮಾಸ್ತೆಯಾಗಿ ಸೇರಿದವಳು ಅದೇ ಮೂಗಿನ ಬಲದಿಂದ ರುಚಿಪರೀಕ್ಷಕಿಯಾದಳು. ರುಚಿ ನೋಡುವ ಕೋಣೆಯಲ್ಲಿ ಇದ್ದ ಏಕೈಕ ಹೆಂಗಸು ಅವಳು. ಇದನ್ನು ನಾನು ಅನೇಕ ಭಾಷಣಗಳಲ್ಲಿ ಉದಾಹರಿಸಿದ್ದೇನೆ. ಅವಳಿಗೆ ಅದು ಹಿಡಿಸುತ್ತಿರಲಿಲ್ಲ.

ಆ ಕೆಲಸವನ್ನು ನೋಡದವರಿಗಾಗಿ ಒಂದೆರಡು ಮಾತು. ಬೇರೆಬೇರೆ ತೋಟಗಳ ಪುಡಿಯನ್ನು ಸಾಲಾಗಿಟ್ಟ ಬಟ್ಟಲುಗಳಿಗೆ ಹಾಕಿ ಬಿಸಿನೀರು ಹೊಯ್ಯುತ್ತಾರೆ. ಮೇಲೆ ಕಟ್ಟಿದ ಪುಡಿಯ ಕೆನೆಯನ್ನು ಚಮಚದಿಂದ ಒಡೆದು, ಮೂಗನ್ನು ಬಹುತೇಕ ಒಳಗೇ ಇಳಿಸಿ ಮೂಸುತ್ತಾರೆ. ಆಮೇಲೆ ಸುರ್ರೆಂದು ಹೀರಿ, ಬಾಯಲ್ಲಿ ಆಡಿಸಿ, ಉಗಿದು, ಮುಂದಿನ ಬಟ್ಟಲು. ಯಾವ ತೋಟದ್ದೆಂಬ ಗುರುತು ಬಟ್ಟಲಿನ ತಳದಲ್ಲಿರುತ್ತದೆ. ಹೇಳುವವರೆಗೆ ತಿರುಗಿಸಿ ನೋಡುವಂತಿಲ್ಲ. ಮುಖ್ಯವಾದದ್ದು, ಕೊನೆಯ ಬಟ್ಟಲಾದ ಮೇಲೆ ಮತ್ತೆ ಮೊದಲನೆಯದಕ್ಕೆ ಮರಳಬೇಕು. ಗಿರಿಜಕ್ಕ ಹೇಳುತ್ತಿದ್ದಳು: "ಒಂದ್ಸಲ ಕುಡ್ದೋನು ಗಿರಾಕಿ ಕಣೆ. ವಾಪಸ್ ಬಂದು ಕುಡ್ದೋನು ಟೇಸ್ಟರ್ರು."

ಕೋವಿಡ್ಡಿನ ಎರಡನೆಯ ಅಲೆಯಲ್ಲಿ ಅವಳಿಗೆ ಜ್ವರ ಬಂತು, ಹೋಯಿತು. ಮೂಗು ಮರಳಲಿಲ್ಲ. ಮತ್ತೆ ಕೆಲಸಕ್ಕೆ ಹೋದ ಬೆಳಿಗ್ಗೆ ಕೆನೆ ಒಡೆದು ಬಾಗಿದಾಗ ಮುಖಕ್ಕೆ ಹಬೆ ಬಡಿಯಿತಂತೆ, ಅಷ್ಟೇ. "ಬಚ್ಚಲ ಹಂಡೆ ಮುಂದೆ ನಿಂತಂಗಾಯ್ತು" ಎಂದಳು. ಯಾರಿಗೂ ಹೇಳದೆ, ಜೊತೆಯವರ ಹುಬ್ಬು ನೋಡಿ, ಅವರು ಉಗಿಯುವ ರಭಸ ನೋಡಿ, ಕೆಲವು ತಿಂಗಳು ತೀರ್ಪು ಕೊಟ್ಟಳು. ವೈದ್ಯರು ಹೇಳಿದಂತೆ ಬೆಳಿಗ್ಗೆ ಸಂಜೆ ಲವಂಗ, ಏಲಕ್ಕಿ, ನಿಂಬೆಸಿಪ್ಪೆ ಮೂಸಿದಳು. ಏನೂ ತಿಳಿಯಲಿಲ್ಲ.

ಆ ದಿನಗಳಲ್ಲೇ ಸಿನಿಮಾ ಡಿಸ್ಕುಗಳು ಅವಳ ಮನೆ ಸೇರಿದ್ದು. ಯಾವುದೋ ಎಸ್ಟೇಟಿನ ಬಂಗಲೆ ಖಾಲಿ ಮಾಡಿದಾಗ ಹೊರಬಂದ ಒಂದು ಪೆಟ್ಟಿಗೆ ಬಾಳ್ಳುಪೇಟೆಯ ಹಳೆ ಸಾಮಾನಿನ ಅಂಗಡಿಯಲ್ಲಿತ್ತು. ಹೊತ್ತು ಹೋಗಲೆಂದು ಅವಳು ಪೆಟ್ಟಿಗೆಯ ಸಮೇತ ಕೊಂಡುತಂದಳು. ಬಿಚ್ಚಿ ನೋಡಿದರೆ ಅದರಲ್ಲಿ ಒಂದೇ ಇಂಗ್ಲಿಷ್ ಸಿನಿಮಾ ಮೂರು ಸಲ.

"ಟೋಪಿ ಹಾಕ್ಬುಟ್ಟ ಅಂದ್ಕೊಂಡೆ ಮಾರಾಯ್ತಿ. ಬೈಯಕ್ಕೆ ಅಂತ ಹೊರಟಿದ್ದೆ. ಆಮೇಲೆ ನೋಡ್ತೀನಿ, ಮೂರೂ ಬೇರೆ ಬೇರೆ ಉದ್ದ ಐತೆ. ಒಂದೇ ತೋಟದ ಕಾಫಿ, ಮೂರು ಲಾಟು ಇದ್ದಂಗೆ!"

ಕಥೆ ಇಷ್ಟು: ಎಲ್ಲೋ ಒಂದು ಹೆಪ್ಪುಗಟ್ಟಿದ ಉಪಗ್ರಹದಲ್ಲಿ ಒಂದು ಕಂಪನಿ ಕೂಲಿಗಳಿಂದ ಮಂಜುಗಡ್ಡೆ ಅಗೆಸುತ್ತದೆ. ಕೂಲಿಗಳು ಕೆಲಸ ನಿಲ್ಲಿಸಿದಾಗ ಯಂತ್ರದ ಸಿಪಾಯಿಗಳನ್ನು ಇಳಿಸುತ್ತದೆ. ಉಳಿದದ್ದೆಲ್ಲ ಕೊಲೆ. ಒಂದು ಡಿಸ್ಕಿನಲ್ಲಿದ್ದದ್ದು ನಮ್ಮ ದೇಶದಲ್ಲಿ ತೆರೆಕಂಡ, ಸೆನ್ಸಾರಿನ ಕತ್ತರಿ ಆಡಿದ ಪ್ರತಿ. ಎರಡನೆಯದು ಹೊರದೇಶದಲ್ಲಿ ತೆರೆಕಂಡದ್ದು. ಮೂರನೆಯದು ನಿರ್ದೇಶಕ ಎಷ್ಟೋ ವರ್ಷದ ಮೇಲೆ ತನಗೆ ಬೇಕಾದಂತೆ ಮತ್ತೆ ಜೋಡಿಸಿದ ಉದ್ದನೆಯದು. ಸಕಲೇಶಪುರದಾಚೆಯ ಆನೇಮಹಲಿನಲ್ಲಿ ಹೆದ್ದಾರಿಗೆ ಅಂಟಿಕೊಂಡ ಅವಳ ಪುಟ್ಟ ಮನೆಯಲ್ಲಿ, ಲಾರಿ ಹೋದಾಗಲೆಲ್ಲ ನಡುಗುವ ಟಿ.ವಿ.ಯ ಮುಂದೆ, ಭಾನುವಾರ ಮಧ್ಯಾಹ್ನಗಳಲ್ಲಿ ಅವಳು ನನ್ನನ್ನು ಕೂರಿಸಿಕೊಂಡು ಅದನ್ನು ಪರೀಕ್ಷಿಸತೊಡಗಿದಳು.

ಕೂಲಿಗಳ ಮುಂದಾಳು ಒಬ್ಬ ಹೆಂಗಸು. ಹಣೆಗೆ ದೀಪ ಕಟ್ಟಿಕೊಂಡು ಸಿಪಾಯಿಯ ಎದುರು ನಿಲ್ಲುತ್ತಾಳೆ. ನಮ್ಮ ದೇಶದ ಪ್ರತಿಯಲ್ಲಿ ಸಿಪಾಯಿಯ ಕೈ ಏಳುತ್ತದೆ, ಪರದೆ ಬೆಳ್ಳಗಾಗುತ್ತದೆ, ಮಂಜಿನ ಮೇಲೆ ದೀಪ ಉರುಳುತ್ತದೆ. ಎರಡನೆಯದರಲ್ಲಿ ಗುಂಡು ಹೊಗುವುದು ಕಾಣುತ್ತದೆ. ರಕ್ತ ಅಲ್ಲೇ ಹೆಪ್ಪುಗಟ್ಟುತ್ತದೆ. ಮೂರನೆಯದರಲ್ಲಿ ಬಿದ್ದ ಮೇಲೆಯೂ ಅವಳು ಸಾಯುವುದಿಲ್ಲ. ಬಹಳ ಹೊತ್ತು ತಲೆ ಹೊರಳಿಸಿ, ಓಡುತ್ತಿರುವ ತನ್ನವರನ್ನು ನೋಡುತ್ತಾಳೆ. ಕೊಂದ ಯಂತ್ರ ಪಕ್ಕದಲ್ಲಿ ಸುಮ್ಮನೆ ನಿಂತಿರುತ್ತದೆ. ಅದಕ್ಕೆ ಬೇರೆ ಆಜ್ಞೆ ಇನ್ನೂ ಬಂದಿಲ್ಲ. ಹಿನ್ನೆಲೆಯಲ್ಲಿ ಸಂಗೀತವಿಲ್ಲ.

ನಾನು ಎದ್ದುನಿಂತೆ. ಹೆಣ್ಣಿನ ದೇಹವನ್ನು ಹೀಗೆ ಬಳಸುವುದು ತಪ್ಪು, ಶ್ರಮಿಕರ ಸಾವನ್ನು ಮಾರುವುದು ತಪ್ಪು ಎಂದೆ. ಹಾಗೆಯೇ, ಪ್ರಭುತ್ವವು ಕತ್ತರಿ ಹಿಡಿದು ನಾವು ಏನನ್ನು ನೋಡಬೇಕೆಂದು ನಿರ್ಧರಿಸುವುದೂ ತಪ್ಪು ಎಂದೆ.

"ಕತ್ತರ್ಸುದ್ರೂ ತಪ್ಪು, ಕತ್ತರಿಸ್ದಿದ್ರೂ ತಪ್ಪು. ನಿಂಗೆ ಬಿಸ್ನೀರು ಕೊಟ್ರೂ ಅದ್ರಲ್ಲೊಂದು ಅನ್ಯಾಯ ತೇಲ್ತಿರ್ತೈತೆ" ಎಂದು ನಕ್ಕಳು. "ಕೂತ್ಕೊ. ಭಾಷಣ ಆಮೇಲೆ. ಈಗ ಹೇಳು, ಮೂರಕ್ಕೂ ಏನು ವ್ಯತ್ಯಾಸ?"

"ಮೂರೂ ಹಿಂಸೆಯೇ."

"ಅದು ಗಿರಾಕಿ ಮಾತು. ಮೊದಲ್ನೇದನ್ನ ಕಾಫಿ ಬೀಜದಂಗೆ ಜಾಸ್ತಿ ತೊಳ್ದವ್ರೆ. ನುಂಗಿದ್ಮೇಲೆ ಬಾಯಲ್ಲಿ ಏನೂ ಉಳಿಯಾಕಿಲ್ಲ. ಸತ್ಲು ಅಂತ ಗೊತ್ತಾಗ್ತೈತೆ, ಅಷ್ಟೇಯ. ಎರಡ್ನೇದು ಬರೀ ಖಾರ. ಮೂರ್ನೇದು ನಿಧಾನ, ಕಹಿ, ಆದ್ರೆ ಮಾರನೇ ದಿನಾನೂ ಗಂಟ್ಲಲ್ಲಿ ಐತೆ. ಗೊತ್ತಾಯ್ತಾ?"

ಗೊತ್ತಾಗಲಿಲ್ಲ. ಆದರೂ ಹೋಗುತ್ತಿದ್ದೆ. ಕೆಲವು ವಾರಗಳ ಮೇಲೆ ಅವಳು ಆಟವನ್ನು ಬಿಗಿ ಮಾಡಿದಳು. ಅವಳು ಗೋಡೆಗೆ ಮುಖ ಮಾಡಿ ಕೂರುವಳು. ನಾನು ಯಾವುದೋ ಒಂದು ಡಿಸ್ಕನ್ನು ಹಾಕಿ, ಎಲ್ಲೋ ಮಧ್ಯದಿಂದ ಓಡಿಸಬೇಕು. ಅವಳು ತಿರುಗಿ ಸ್ವಲ್ಪ ಹೊತ್ತು ನೋಡಿ, ಯಾವ ಪ್ರತಿ ಎಂದು ಹೇಳಬೇಕು. ಬಟ್ಟಲಿನ ತಳದ ಗುರುತು ಮುಚ್ಚಿದಂತೆಯೇ ಇದು. ಕೊಲೆಯ ದೃಶ್ಯವೇ ಬೇಕೆಂದಿರಲಿಲ್ಲ. ಬಾಗಿಲು ಮುಚ್ಚುವುದು ಒಂದು ಕ್ಷಣ ತಡವಾದರೆ, ಯಾರೋ ಮಾತಿಗೆ ಮೊದಲು ಉಸಿರೆಳೆದುಕೊಂಡರೆ, ಅಷ್ಟರಲ್ಲೇ ಹೇಳಿಬಿಡುತ್ತಿದ್ದಳು. ಒಮ್ಮೆಯೂ ತಪ್ಪಲಿಲ್ಲ. ತಪ್ಪಲೆಂದು ನಾನು ಕಾದಿದ್ದೂ ಉಂಟು. ತಪ್ಪು ಹುಡುಕುವುದೇ ನನ್ನ ವೃತ್ತಿಯಲ್ಲವೇ?

"ಮೂಗು ಹೋದ್ರೆ ಹೋಗ್ಲಿ ಕಣೆ" ಎಂದಳು ಒಂದು ದಿನ, ಟಿ.ವಿ. ಆರಿಸಿ. "ಇದು ಬೇರೆ, ಅದು ಬೇರೆ ಅಂತ ಹೇಳೋ ಬುದ್ಧಿ ಉಳ್ದೈತಲ್ಲ. ಅದೂ ಹೋಯ್ತು ಅಂದ್ರೆ ನಾನು ಉಂಡು ಮಲಗೋಳು, ಅಷ್ಟೇ."

ಇದನ್ನು ಕೇಳಿದ ಮೇಲೆ ನನಗೆ ಸುಮ್ಮನಿರಲಾಗಲಿಲ್ಲ. ರೋಗ ಊರೆಲ್ಲ ಹಬ್ಬಿದ್ದಾಗ, ಕಿಟಕಿಯಿಲ್ಲದ ಕೋಣೆಯಲ್ಲಿ, ಮುಖದ ಬಟ್ಟೆ ತೆಗೆಯದೆ ಮಾಡಲಾಗದ ಕೆಲಸಕ್ಕೆ ಅವಳನ್ನು ಕರೆಸಿದವರು ಯಾರು? ಪಕ್ಕದಲ್ಲಿ ಕೆಮ್ಮುತ್ತಿದ್ದ ಜೊತೆಗಾರನನ್ನು ಮನೆಗೆ ಕಳಿಸದವರು ಯಾರು? ಅವಳ ಸಹಿಗೆಂದು ದೂರನ್ನು ಬರೆದುಕೊಂಡು ಹೋದೆ. ನನ್ನ ಬದುಕಿನ ಅತ್ಯುತ್ತಮ ದೂರುಗಳಲ್ಲಿ ಅದೊಂದು. ಗಿರಿಜಕ್ಕ ಕನ್ನಡಕ ಹಾಕಿಕೊಂಡು ಪೂರ್ತಿ ಓದಿದಳು.

"ಬಲು ಚೆನ್ನಾಗೈತೆ. ಯಾರ್ದು ತಪ್ಪು ಅಂತ ಹೆಸರಿಟ್ರೆ ವಾಸ್ನೆ ಬತ್ತೈತಾ?"

ನನ್ನ ಶಾಲೆಯಲ್ಲಿ ಈ ಪ್ರಶ್ನೆಯನ್ನು ಯಾರೂ ಕೇಳಿರಲಿಲ್ಲ. ನ್ಯಾಯ, ಹೊಣೆಗಾರಿಕೆ, ಮುಂದಿನವರಿಗೆ ದಾರಿ ಎಂದೆಲ್ಲ ಹೇಳಿದೆ. ಅವು ಸುಳ್ಳಲ್ಲ, ಇಂದಿಗೂ ಸುಳ್ಳೆಂದು ನಾನು ಒಪ್ಪುವುದಿಲ್ಲ. ಅವಳು ಸಹಿ ಹಾಕಲಿಲ್ಲ. ಮರುದಿನ ತಾನೇ ಮ್ಯಾನೇಜರರ ಎದುರು ನಿಂತು, ನನಗೆ ವಾಸನೆ ತಿಳಿಯುತ್ತಿಲ್ಲ, ನನ್ನ ತೀರ್ಪನ್ನು ನಂಬಬೇಡಿ ಎಂದು ಹೇಳಿ ಬಂದಳು. ತಿಂಗಳು ತುಂಬುವುದರೊಳಗೆ ಬೀಳ್ಕೊಡುಗೆ: ಒಂದು ಶಾಲು, ಒಂದು ಹಣ್ಣಿನ ಬುಟ್ಟಿ, ಒಂದು ಗುಂಪಿನ ಫೋಟೊ. ಫೋಟೊದಲ್ಲಿ ಎಲ್ಲರಿಗಿಂತ ಚೆನ್ನಾಗಿ ನಕ್ಕವಳು ಅವಳೇ. ಬುಟ್ಟಿಯಲ್ಲಿ ಮಾಗಿದ ಅನಾನಸು ಇತ್ತು. ಅದರ ಪರಿಮಳ ನನಗೆ ಗೇಟಿನಲ್ಲೇ ಬಡಿಯುತ್ತಿತ್ತು. ಅವಳು ಅದನ್ನು ಕಪಾಟಿನ ಮೇಲಿಟ್ಟು ಮರೆತಳು. ಕೊಳೆತಿದೆಯೆಂದು ತಿಳಿದದ್ದು ನೊಣಗಳು ಬಂದ ಮೇಲೆ.

ಆಮೇಲಿನ ಭಾನುವಾರಗಳು ಬೇರೆಯಾದವು. ಆಟವನ್ನು ನಾನೇ ನೆನಪಿಸಬೇಕಾಯಿತು. ಗೋಡೆಗೆ ಮುಖ ಮಾಡಿದವಳು ತಿರುಗಲು ತಡಮಾಡುವಳು. ಉತ್ತರ ಸರಿಯೇ ಇರುತ್ತಿತ್ತು, ಆದರೆ ಖಾರ, ಕಹಿ, ತೊಳೆದದ್ದು ಎಂಬ ಮಾತುಗಳು ನಿಂತಿದ್ದವು. "ಎರಡ್ನೇದು." ಅಷ್ಟೇ. ಆ ವೇಳೆಗೆ ವಿಚಿತ್ರವೆಂಬಂತೆ ನನ್ನ ಕಣ್ಣೇ ಪಳಗಿಬಿಟ್ಟಿತ್ತು. ನಾನು ದ್ವೇಷಿಸುವ ಆ ಸಿನಿಮಾದ ಒಂದೊಂದು ಉಸಿರೂ ನನಗೆ ಬಾಯಿಪಾಠ.

ಹೋದ ಮಳೆಗಾಲದ ಒಂದು ಭಾನುವಾರ ನಾನು ಮೂರನೆಯ ಡಿಸ್ಕನ್ನೇ ಹಾಕಿದೆ. ಬೇಕೆಂದೇ, ಅವಳಿಗೆ ಸುಲಭವಾಗಲೆಂದು, ಆ ಹೆಂಗಸು ಬಿದ್ದ ಮೇಲಿನ ದೃಶ್ಯದಿಂದಲೇ ಓಡಿಸಿದೆ. ಬಿದ್ದವಳು ತಲೆ ಹೊರಳಿಸಿದಳು. ದೂರದಲ್ಲಿ ಜನ ಓಡುತ್ತಿದ್ದರು. ಯಂತ್ರ ಪಕ್ಕದಲ್ಲಿ ನಿಂತಿತ್ತು. ಉಳಿದೆರಡು ಪ್ರತಿಗಳಲ್ಲಿ ಈ ದೃಶ್ಯವೇ ಇಲ್ಲ. ಗಿರಿಜಕ್ಕ ಕೊನೆಯವರೆಗೂ ನೋಡಿದಳು.

"ಮೊದಲ್ನೇದು" ಎಂದಳು.

ಹೊರಗೆ ಲಾರಿಯೊಂದು ಗೇರು ಬದಲಿಸುತ್ತ ಹೋಯಿತು.

"ಹೌದು, ಅಕ್ಕ. ಸರಿಯಾಗಿದೆ" ಎಂದೆ.

ಅವಳು ಪರದೆಯಿಂದ ಮುಖ ತಿರುಗಿಸಿ, ಹುಬ್ಬುಗಳನ್ನು ಓದಿ ಕಲಿತಿದ್ದ ಆ ಕಣ್ಣುಗಳಿಂದ ನನ್ನನ್ನೇ ನೋಡಿದಳು.

"ನೀನು ಜನ್ಮದಲ್ಲಿ ತಪ್ಪು ಕಂಡ್ರೆ ಬುಟ್ಟೋಳಲ್ಲ ಕಣೆ. ಡಿ.ಸಿ.ನ ಬುಟ್ಟಿಲ್ಲ, ಸ್ವಾಮಿಗೋಳ್ನ ಬುಟ್ಟಿಲ್ಲ, ಹೆತ್ತವ್ವನ್ನೂ ಬುಟ್ಟಿಲ್ಲ. ಇವತ್ತು ನನ್ನ ಬುಟ್ಬುಟ್ಯಲ್ಲೆ."

ಅವಳಿಗೆ ಕೋಪ ಬಂದಿರಲಿಲ್ಲ, ಬಂದಿದ್ದರೆ ಚೆನ್ನಾಗಿತ್ತು. ಡಿಸ್ಕನ್ನು ಹೊರತೆಗೆದು, ಸೆರಗಿನಿಂದ ಒರೆಸಿ, ಮೂರನ್ನೂ ಒಂದೇ ಕವಚಕ್ಕೆ ತುರುಕಿದಳು. "ಮೂರೂ ಒಂದೇಯ. ನೀನು ಅವತ್ತೇ ಹೇಳಿದ್ದೆ" ಎಂದಳು.

ನಾನು ಹೇಳಿದ್ದೆ, ನಿಜ. ಮೂರೂ ಹಿಂಸೆಯೇ ಎಂದು ತೀರ್ಪು ಕೊಟ್ಟವಳು ನಾನೇ. ಅವಳ ಬಾಯಿಂದ ಅದೇ ತೀರ್ಪನ್ನು ಕೇಳಿದಾಗ, ನನ್ನ ಮಾತು ಎಷ್ಟು ಬರಡು ಎಂಬುದು ಮೊದಲ ಬಾರಿಗೆ ಕಿವಿಗೆ ಬಿತ್ತು. ಈ ಕೇಡಿಗೆ ಹೊಣೆ ಯಾರೆಂದು ಆ ರಾತ್ರಿ ಬಹಳ ಯೋಚಿಸಿದೆ. ಘಟಕದವರಿದ್ದಾರೆ, ಅವರನ್ನು ನಾನು ಬಿಡುವುದಿಲ್ಲ. ಆದರೆ ಅವರನ್ನೆಲ್ಲ ಕಟಕಟೆಗೆ ನಿಲ್ಲಿಸಿದ ಮೇಲೂ ಒಂದು ದೊಡ್ಡ ಪಾಲು ಹಾಗೆಯೇ ಉಳಿಯುತ್ತದೆ. ಅದಕ್ಕೆ ಆರೋಪಿ ಇಲ್ಲ.

ಇಂದು ನಾನು ಆನೇಮಹಲಿನಲ್ಲಿ ಇಳಿದು ಅವಳ ಮನೆ ಮುಟ್ಟಿದಾಗ ಗಿರಿಜಕ್ಕ ಜಗಲಿಯಲ್ಲಿ ಕೂತು ರಸ್ತೆ ನೋಡುತ್ತಿದ್ದಳು. ಮಾತಿಗೆ ಕೂತೆವು. ಸ್ವಲ್ಪ ಹೊತ್ತಿಗೆ ಒಳಗಿನಿಂದ ಒಂದು ವಾಸನೆ ಬಂತು. ಒಲೆಯ ಮೇಲೆ ಅವಳು ಹಾಲಿಟ್ಟಿದ್ದಳು. ಹೇಳದಿದ್ದರೆ ಅವಳಿಗೆ ತಿಳಿಯದು. ನಾನೇ ಎದ್ದುಹೋಗಿ ಸದ್ದಿಲ್ಲದೆ ಚೆಲ್ಲಿ, ಬೇರೆ ಹಾಲು ಕಾಯಿಸಿ ತರಬಹುದಿತ್ತು. ಕಾಲು ಅದಕ್ಕಾಗಿ ಎದ್ದೂ ಬಿಟ್ಟಿತ್ತು.

"ಅಕ್ಕ, ಹಾಲು ಸೀದಿದೆ" ಎಂದೆ.

ಅವಳು ಮೆಲ್ಲಗೆ ಎದ್ದು, ನನ್ನ ಜೊತೆ ಒಳಗೆ ಬಂದು ಒಲೆ ಆರಿಸಿದಳು. ಪಾತ್ರೆಯ ಮೇಲೆ ಬಾಗಿ ಒಮ್ಮೆ ಉಸಿರೆಳೆದುಕೊಂಡು, ಏನೂ ಸಿಗದೆ, ಪಾತ್ರೆಯನ್ನು ನನ್ನ ಮುಂದೆ ಹಿಡಿದಳು.

"ಹೆಂಗೆ ಸೀದೈತೆ? ತಳ ಹಿಡ್ದಿರೋ ವಾಸ್ನೆನಾ, ಕೆನೆ ಕರಕಾಗಿರೋದಾ? ಹೊಗೆ ಸೇರ್ಕಂಡೈತಾ? ಸರಿಯಾಗಿ ಹೇಳು."

ನಾನು ಬಾಗಿ ಮೂಸಿದೆ. ಕೆಟ್ಟಿದೆ ಎಂಬುದೊಂದೇ ನನಗೆ ತಿಳಿದದ್ದು. ಇನ್ನೊಮ್ಮೆ ಮೂಸಿದೆ. ಪಾತ್ರೆಯನ್ನು ಹಿಡಿದುಕೊಂಡು ಅವಳು ಕಾಯುತ್ತಿದ್ದಳು.