ಡಬ್ಬಿಯಲ್ಲಿ ಉಳಿದ ನಾಲ್ಕು ಬೀಜ

ತಗಡಿನ ಡಬ್ಬಿಯಲ್ಲಿ ಹುಣಸೆ ಬೀಜಗಳು ಗಲಗಲ ಅಲುಗುವ ಸದ್ದು ಇನ್ನೂ ನನ್ನ ಕಿವಿಯಲ್ಲಿದೆ. ಎಪ್ಪತ್ತರ ದಶಕ. ವಿಜಾಪುರದ ನಮ್ಮ ಕಾನ್ವೆಂಟ್ ಹಾಸ್ಟೆಲಿನಲ್ಲಿ ಎರಡೇ ಫ್ರೀ ಸೀಟು, ಕೇಳಿದವರು ಐದು ಹುಡುಗಿಯರು. ಸಿಸ್ಟರ್ ಐದು ಬೀಜ ಹಾಕಿ, ಎರಡಕ್ಕೆ ಸುಣ್ಣ ಬಳಿದಿದ್ದರು. ಬಿಳಿ ಬಂದವರಿಗೆ ಸೀಟು. ತೆಗೆದ ಬೀಜ ಮತ್ತೆ ಡಬ್ಬಿಗಿಲ್ಲ, ಆಮೇಲೆ ಅದಲುಬದಲೂ ಇಲ್ಲ.

ನನಗೆ ಬಬಲೇಶ್ವರದಿಂದ ದಿನಾ ಬಸ್ಸಿತ್ತು. ನನ್ನ ಗೆಳತಿ ಬಿಜ್ಜರಗಿಯವಳು. ವಿಜಾಪುರದಲ್ಲಿ ಅವಳಿಗೆ ಆಸರೆಯಾಗಿದ್ದ ಸೋದರತ್ತೆ ಊರು ಬಿಟ್ಟಿದ್ದರಿಂದ, ಸೀಟು ಸಿಗದಿದ್ದರೆ ಅವಳ ಓದು ಮುಗಿದಂತೆಯೇ. ಆದರೂ ಅವಳೇ ನನ್ನನ್ನು ಮುಂದೆ ನೂಕಿದಳು: “ನೀ ಮೊದಲ ತಗೀ ಬೇ, ನಾ ನಿನ್ನ ಹಿಂದ ತಗೀತೀನಿ.”

ನನಗೆ ಬಿಳಿ ಬಂತು. ಅವಳು ಕೈ ಹಾಕಿದಾಗ ಉಳಿದ ನಾಲ್ಕರಲ್ಲಿ ಬಿಳಿ ಒಂದೇ. ನನಗೆ ಕರಿಯದು ಬಂದಿದ್ದರೆ ಎರಡಿರುತ್ತಿದ್ದವು. ನನ್ನ ಲಕ್ಕು ಅವಳ ಚಾನ್ಸನ್ನು ಅರ್ಧ ಮಾಡಿತ್ತು. ಅವಳು ಮುಷ್ಟಿ ಬಿಚ್ಚಿದಾಗ ಕರಿ ಬೀಜವಿತ್ತು.

ಆಮೇಲೆ ಸಿಸ್ಟರ್ ಕ್ಲಾಸಿನಲ್ಲಿ ಲೆಕ್ಕ ಮಾಡಿ ತೋರಿಸಿದರು: ಡಬ್ಬಿಗೆ ಕೈ ಹಾಕುವ ಮುಂಚೆ, ಮೊದಲಿನವಳಿಗೂ ಕೊನೆಯವಳಿಗೂ ಪ್ರಾಬಬಿಲಿಟಿ ಒಂದೇ, ಐದರಲ್ಲಿ ಎರಡು. ಲೆಕ್ಕ ಸರಿ. ಆದರೆ ನನಗೆ ಅಂಟಿಕೊಂಡದ್ದು ನನ್ನ ಬಿಳಿ ಬೀಜ ಹೊರಬಂದ ಮೇಲಿನ ಲೆಕ್ಕ.

ಮುಂದಿನ ಬೇಸಿಗೆಯಲ್ಲಿ, ನೆಂಟರೊಬ್ಬರ ಮದುವೆ ಮುಗಿಸಿ, ಬಿಜ್ಜರಗಿ ಹತ್ತಿರದ ಟಿಕೋಟಾದಲ್ಲಿ ಬಸ್ಸು ಹತ್ತಿ ಕುಳಿತಿದ್ದೆ. ಆ ಗೆಳತಿ ಕಂಕುಳಲ್ಲಿ ಆಡಿನ ಮರಿ ಹಿಡಿದು ಕಿಟಕಿಗೆ ಬಂದಳು.

“ಏನ್ ಬೇ, ಹಾಸ್ಟೆಲ್ ಊಟಾ ಉಂಡು ದಪ್ಪ ಆಗೀಯಲ್ಲ!” ಎಂದು ನಕ್ಕಳು. “ಇನ್ನೊಮ್ಮಿ ಡಬ್ಬಿ ಆಡಿಸಿದ್ರ ನಾನ ಮೊದಲ ತಗೀತೀನಿ, ನೋಡು.”

ಮೊದಲು ತೆಗೆದರೂ ಚಾನ್ಸ್ ಅಷ್ಟೇ ಎಂದು ನನಗೆ ಗೊತ್ತಿತ್ತು; ಕಿಟಕಿಯಿಂದ ಕೈ ಚಾಚಿ ಮರಿಯ ತಲೆ ಸವರಿದೆ. ಬಸ್ಸು ಹೊರಟಿತು. ಅವಳು ಮರಿಯ ಮುಂಗಾಲೆತ್ತಿ ನನಗೆ ಟಾಟಾ ಮಾಡಿಸಿದಳು. ಅದೇ ಕೊನೆ, ಮತ್ತೆ ಅವಳನ್ನು ನೋಡಲಿಲ್ಲ.